ಡೇಟಾಬೇಸಿನಲ್ಲಿ ಇಲ್ಲದ ಅಜ್ಜಿ

ಕೋವಿಡ್‌ನ ದೊಡ್ಡ ಅಲೆಗಳು ಇಳಿದು ಆಸ್ಪತ್ರೆಗಳು ತಮ್ಮ ಎಂದಿನ ಕೆಲಸಕ್ಕೆ ಮರಳಿದ್ದ ವರ್ಷ ಅದು. ಆಗ ನಾನು ಪುಣೆಯ ಒಂದು ಖಾಸಗಿ ಜೆನೆಟಿಕ್ ಲ್ಯಾಬಿನಲ್ಲಿ ವೇರಿಯಂಟ್ ಕ್ಯುರೇಟರ್ ಆಗಿದ್ದೆ. ಹುದ್ದೆಯ ಹೆಸರು ಹೇಳಿದರೆ ನಮ್ಮ ಮನೆಯವರಿಗೇ ಅರ್ಥವಾಗುತ್ತಿರಲಿಲ್ಲ. ವಿಜಯಪುರದ ನಮ್ಮ ಕಾಕಾ ಫೋನ್ ಮಾಡಿದಾಗಲೆಲ್ಲ, "ರಕ್ತ ತಗಿಯೂದಿಲ್ಲ, ಔಷಧ ಕೊಡೂದಿಲ್ಲ, ಹಂಗಾದ್ರ ದಿನಾ ಅಲ್ಲಿ ಏನ್ ಮಾಡ್ತೀಯವಾ?" ಎಂದು ಕೇಳುತ್ತಿದ್ದರು. ಓದುತ್ತೇನೆ ಎನ್ನುತ್ತಿದ್ದೆ. ಅದು ನಿಜವೂ ಹೌದು.

ಆ ಓದು ಎಂಥದೆಂದು ಸ್ವಲ್ಪ ವಿವರಿಸಬೇಕು, ಇಲ್ಲದಿದ್ದರೆ ಮುಂದಿನದು ತಿಳಿಯುವುದಿಲ್ಲ. ನಿಮ್ಮ ಡಿಎನ್‌ಎಗೂ ನನ್ನ ಡಿಎನ್‌ಎಗೂ ಲಕ್ಷಗಟ್ಟಲೆ ಕಡೆ ವ್ಯತ್ಯಾಸವಿರುತ್ತದೆ. ಅಂಥ ಒಂದು ವ್ಯತ್ಯಾಸಕ್ಕೆ ವೇರಿಯಂಟ್ ಎನ್ನುತ್ತೇವೆ. ಬಹುಪಾಲು ವೇರಿಯಂಟ್‌ಗಳಿಂದ ಏನೂ ಆಗುವುದಿಲ್ಲ. ಕೆಲವೇ ಕೆಲವು ರೋಗ ತರುತ್ತವೆ. ಯಾವುದು ಹೇಗೆಂದು ಒಂದು ಲ್ಯಾಬು ತಾನೊಂದೇ ಕುಳಿತು ಹೇಳಲಾರದು. ಅದಕ್ಕಾಗಿ ಜಗತ್ತಿನ ಲ್ಯಾಬುಗಳೆಲ್ಲ ತಾವು ಕಂಡದ್ದನ್ನು ಎಲ್ಲರಿಗೂ ತೆರೆದಿರುವ ಡೇಟಾಬೇಸ್‌ಗಳಿಗೆ ಸೇರಿಸುತ್ತವೆ. ಒಂದು ಬಗೆಯ ಡೇಟಾಬೇಸ್‌ನಲ್ಲಿ ರೋಗಿಗಳಲ್ಲಿ ಕಂಡ ವೇರಿಯಂಟ್‌ಗಳಿರುತ್ತವೆ. ಇನ್ನೊಂದರಲ್ಲಿ, ಆರೋಗ್ಯವಾಗಿರುವ ಸಾಮಾನ್ಯ ಜನರಲ್ಲಿ ಯಾವ ವೇರಿಯಂಟ್ ಎಷ್ಟು ಮಂದಿಗೆ ಇದೆ ಎಂಬ ಲೆಕ್ಕವಿರುತ್ತದೆ. ಹೊಸ ವೇರಿಯಂಟ್ ಕಂಡಾಗ ನಾನು ಎರಡನ್ನೂ ತೆಗೆದು ನೋಡುತ್ತಿದ್ದೆ. ಮೊದಲನೆಯದರಲ್ಲಿ ಇದ್ದು ಎರಡನೆಯದರಲ್ಲಿ ಇಲ್ಲದಿದ್ದರೆ ಅನುಮಾನ ಬಲವಾಗುತ್ತದೆ. ಸಂಬಂಧವಿಲ್ಲದ ಎರಡು ಮನೆಗಳ ರೋಗಿಗಳಲ್ಲಿ ಅದೇ ವೇರಿಯಂಟ್ ಕಂಡರೆ ಇನ್ನೂ ಬಲವಾಗುತ್ತದೆ. ಇದು ಒಳ್ಳೆಯ ವಿಧಾನ. ಈಗಲೂ ನಾನು ಅದನ್ನೇ ಅನುಸರಿಸುತ್ತೇನೆ.

ಆ ವರ್ಷ ಮಳೆಗಾಲ ಮುಗಿಯುವ ಹೊತ್ತಿಗೆ ನಮಗೆ ಗರ್ಭದ ನೀರಿನ ಒಂದು ಸ್ಯಾಂಪಲ್ ಬಂತು. ತಾಯಿಯ ಹೆಸರು ಸುನೀತಾ. ಗಂಡ ಹಣಮಂತ, ಕಟ್ಟಡಗಳಲ್ಲಿ ಸೆಂಟ್ರಿಂಗ್ ಕೆಲಸ ಮಾಡುವವನು. ಇಬ್ಬರೂ ಯಾದಗಿರಿ ಕಡೆಯವರು. ಪುಣೆಯ ಬಿಬ್ವೇವಾಡಿಯಲ್ಲಿ, ಗುಡ್ಡದ ಬದಿಗೆ ಪತ್ರಾ, ಎಂದರೆ ತಗಡು, ಹೊದಿಸಿದ ಮನೆಯಲ್ಲಿದ್ದರು. ಅವರ ಮೊದಲ ಕೂಸು ಹುಟ್ಟಿದ ವಾರದೊಳಗೆ ತೀರಿಕೊಂಡಿತ್ತು. ಹಾಲು ಕುಡಿಯುವುದನ್ನು ಬಿಟ್ಟು, ಮಂಕಾಗಿ, ಫಿಟ್ಸ್ ಬಂದು ಹೋಗಿತ್ತು. ರಕ್ತದಲ್ಲಿ ಅಮೋನಿಯಾ ವಿಪರೀತ ಏರಿತ್ತು. ನಾವು ತಿಂದದ್ದರಿಂದ ಹುಟ್ಟುವ ಅಮೋನಿಯಾವನ್ನು ಯಕೃತ್ತು ಕಳೆಯಬೇಕು. ಆ ಕೆಲಸ ಮಾಡುವ ಕಿಣ್ವಗಳಲ್ಲೊಂದರ ಜೀನ್‌ನಲ್ಲಿ, ಆ ಕೂಸಿಗೆ ಒಂದು ವೇರಿಯಂಟ್ ಇದೆ ಎಂದು ಬೇರೊಂದು ಲ್ಯಾಬು ವರದಿ ಕೊಟ್ಟಿತ್ತು. ಪ್ರತಿ ಜೀನ್‌ಗೂ ನಮ್ಮಲ್ಲಿ ಎರಡು ಪ್ರತಿಗಳಿರುತ್ತವೆ, ತಾಯಿಯಿಂದ ಒಂದು, ತಂದೆಯಿಂದ ಒಂದು. ಈ ರೋಗ ಬರಬೇಕಾದರೆ ಎರಡೂ ಪ್ರತಿ ಕೆಟ್ಟಿರಬೇಕು. ಕೂಸಿನ ಎರಡೂ ಪ್ರತಿಗಳಲ್ಲಿ ಆ ವೇರಿಯಂಟ್ ಇತ್ತು.

ಹೊಟ್ಟೆಯಲ್ಲಿರುವ ಈ ಕೂಸಿಗೂ ಅದಿದೆಯೇ ಎಂದು ನೋಡುವುದಷ್ಟೇ ನಮ್ಮ ಕೆಲಸ. ನೋಡಿದೆವು. ಎರಡೂ ಪ್ರತಿಗಳಲ್ಲಿ ಇತ್ತು.

ವರದಿಯ ಕರಡು ಸಿದ್ಧವಾಯಿತು. ಡೇಟಾಬೇಸ್‌ನಲ್ಲಿ ಆ ವೇರಿಯಂಟ್ ಎದುರಿಗೆ 'ಬಹುತೇಕ ರೋಗಕಾರಕ' ಎಂದಿತ್ತು. ಎರಡು ಲ್ಯಾಬುಗಳು ಬೇರೆ ಬೇರೆಯಾಗಿ ಹಾಗೆ ಹೇಳಿದ್ದವು. ಸಾಮಾನ್ಯ ಜನರ ಡೇಟಾಬೇಸ್‌ಗಳಲ್ಲಿ ಅದು ಎಲ್ಲೂ ಕಂಡುಬಂದಿರಲಿಲ್ಲ. ನಮ್ಮ ಮುಖ್ಯಸ್ಥರಾದ ದೇಶಮುಖ ಸರ್ ಸಹಿ ಹಾಕುವುದಕ್ಕೆ ಮೊದಲು ನಾನು ಪುರಾವೆಗಳನ್ನು ಇನ್ನೊಮ್ಮೆ ಓದಬೇಕು. ಅದು ಲ್ಯಾಬಿನ ಕ್ರಮ. ವರದಿ ಹೋದ ಮೇಲೆ ಆ ದಂಪತಿಗಳ ಮುಂದೆ ಯಾವ ಪ್ರಶ್ನೆ ನಿಲ್ಲುತ್ತದೆ ಎಂದು ಎಲ್ಲರಿಗೂ ಗೊತ್ತಿತ್ತು. ಗರ್ಭ ಉಳಿಸಿಕೊಳ್ಳುವುದೋ ಬಿಡುವುದೋ. ಅದಕ್ಕೆ ಕಾನೂನಿನ ಗಡುವು ಇದೆ, ಮತ್ತು ಅದು ದೂರವಿರಲಿಲ್ಲ.

ನಾನು ಆ ಎರಡು ಸಾಲುಗಳನ್ನು ತೆರೆದೆ. ಡೇಟಾಬೇಸ್‌ನಲ್ಲಿ ಒಬ್ಬ ರೋಗಿ ಎಂದರೆ ಒಂದು ಸಾಲು. ಹೆಸರು, ಊರು ಇರುವುದಿಲ್ಲ, ಇರಬಾರದು. ಎರಡನೆಯ ಸಾಲು ಸುನೀತಾಳ ಮೊದಲ ಕೂಸಿನದೇ, ಏಕೆಂದರೆ ಅದನ್ನು ಸೇರಿಸಿದ್ದು ಅವಳಿಗೆ ವರದಿ ಕೊಟ್ಟಿದ್ದ ಲ್ಯಾಬು. ಮೊದಲನೆಯದು ಇನ್ನಾವುದೋ ನಗರದ ಲ್ಯಾಬಿನದು. ಅದರಲ್ಲಿ ಇದ್ದದ್ದು ಇಷ್ಟು: ನವಜಾತ ಶಿಶು, ದಕ್ಷಿಣ ಭಾರತ, ತಂದೆತಾಯಿ ಹತ್ತಿರದ ಸಂಬಂಧಿಗಳು, ಅಮೋನಿಯಾ ಏರಿಕೆ, ಮೊದಲ ವಾರದಲ್ಲಿ ಸಾವು. ಆ ಲ್ಯಾಬು ಮೊದಲು 'ಅನಿಶ್ಚಿತ' ಎಂದಿತ್ತು. ಎರಡನೆಯ ಲ್ಯಾಬು ಆ ಸಾಲನ್ನು ನೋಡಿ, ತನ್ನಲ್ಲೂ ಅಂಥದೇ ಶಿಶು ಇದೆ, ಮನೆ ಎರಡಾದವು ಎಂದು ತೀರ್ಮಾನಿಸಿ 'ಬಹುತೇಕ ರೋಗಕಾರಕ' ಎಂದಿತು. ಅದನ್ನು ನೋಡಿ ಮೊದಲ ಲ್ಯಾಬು ತನ್ನ ಮಾತನ್ನೂ ಬದಲಿಸಿತ್ತು.

ನನಗೆ ಆಗ ಯಾವ ಸಂಶಯವೂ ಬರಲಿಲ್ಲ. ಬಂದದ್ದು ಕುತೂಹಲ ಮಾತ್ರ. ಆ ಇನ್ನೊಂದು ಮನೆ ಯಾರದು? ಅವರಿಗೆ ಬೇರೆ ಮಕ್ಕಳಿದ್ದಾರೆಯೇ, ಆ ಮಕ್ಕಳನ್ನು ಯಾರಾದರೂ ಪರೀಕ್ಷಿಸಿದ್ದಾರೆಯೇ? ಮೊದಲ ಲ್ಯಾಬಿಗೆ ಬರೆದೆ. ಹೆಸರು ಕೊಡಲಾಗದು ಎಂದು ಸಭ್ಯವಾಗಿ ಉತ್ತರ ಬಂತು. ಸ್ಯಾಂಪಲ್ ಬಂದದ್ದು ಕಲ್ಯಾಣ ಕರ್ನಾಟಕದ ಒಂದು ಆಸ್ಪತ್ರೆಯಿಂದ ಎಂದಷ್ಟೇ ತಿಳಿಸಿದ್ದರು. ಸುನೀತಾಳೂ ಆ ಕಡೆಯವಳೇ. ಹಾಗಾದರೆ ದೂರದ ಬಳಗವಿರಬಹುದು, ಕೇಳೋಣ ಎಂದುಕೊಂಡೆ.

ಆ ವಾರವೇ ಗಂಡಹೆಂಡತಿ ಕೌನ್ಸೆಲಿಂಗ್‌ಗೆ ಬಂದರು. ನಮ್ಮ ಕೌನ್ಸೆಲರ್ ಸ್ನೇಹಲ್ ಮರಾಠಿ ಹುಡುಗಿ. ಹಣಮಂತನಿಗೆ ಮರಾಠಿ ಚೆನ್ನಾಗಿ ಬರುತ್ತಿತ್ತು, ಸುನೀತಾಳಿಗೆ ಬಾಜಾರಕ್ಕೆ ಬೇಕಾದಷ್ಟು. ಹಾಗಾಗಿ ನನ್ನನ್ನು ಕರೆದರು. ಸ್ನೇಹಲ್ ವಂಶವೃಕ್ಷ ಬರೆಯುತ್ತ, ಗಂಡಹೆಂಡತಿಗೆ ಏನು ಸಂಬಂಧ ಎಂದು ಕೇಳಿದಳು. ಹಣಮಂತ ಸುನೀತಾಳ ತಾಯಿಯ ಸ್ವಂತ ತಮ್ಮ. ಸೋದರಮಾವನ ಮಗಳನ್ನು ಮದುವೆಯಾಗುವುದು ಮರಾಠಿಗರಲ್ಲೂ ಉಂಟು, ಸೋದರಮಾವನನ್ನೇ ಆಗುವುದಿಲ್ಲ. ಸ್ನೇಹಲ್ "ಸಖ್ಖಾ ಮಾಮಾ?" ಎಂದು ಎರಡು ಸಲ ಕೇಳಿ, ಎರಡನೆಯ ಸಲ ನನ್ನ ಮುಖ ನೋಡಿದಳು. ಸುನೀತಾ ತಲೆ ತಗ್ಗಿಸಿದಳು.

"ಎಲ್ರೂ ಇದs ಕೇಳ್ತಾರ್ರಿ ಅಕ್ಕೋರ," ಎಂದಳು. "ಸ್ವಂತ ಮಾವನ್ನ ಮಾಡ್ಕೊಂಡಿ, ಅದಕ್ಕ ಕೂಸು ಹೋತು ಅಂತಾರ. ನಮ್ಮವ್ವನೂ ಈಗ ಹಂಗs ಅಂತಾಳ. ಲಗ್ನಾ ಮಾಡಿದಾಕಿ ಆಕಿನs."

ಬಳಗದಲ್ಲಿ, ಪರಿಚಯದವರಲ್ಲಿ, ಊರಲ್ಲಿ, ಇದೇ ರೀತಿ ಕೂಸು ಕಳೆದುಕೊಂಡ ಇನ್ನೊಂದು ಮನೆ ಗೊತ್ತೇ ಎಂದು ನಾನು ಕೇಳಿದೆ. ಇಲ್ಲ ಎಂದಳು. ಯಾರದೋ ಹೊಟ್ಟೆಯಲ್ಲಿ ಹೋದದ್ದು, ಯಾರದೋ ಜ್ವರಕ್ಕೆ ಹೋದದ್ದು ಹೇಳಿದಳು. ಹಾಲು ಬಿಟ್ಟು ಮಲಗಿದ್ದು ತನ್ನದೊಂದೇ. ನಾನು ಒಪ್ಪದೆ ಮತ್ತೆ ಕೇಳಿದೆ. ನಿಮ್ಮ ಸೀಮೆಯ ಒಂದು ಆಸ್ಪತ್ರೆಯಿಂದ ಅಂಥದೇ ಇನ್ನೊಂದು ಕೂಸಿನ ರಕ್ತ ಲ್ಯಾಬಿಗೆ ಹೋಗಿದೆ, ನೆನಪು ಮಾಡಿಕೋ ಎಂದೆ.

ಅವಳು "ನಮ್ಮ ಕೂಸಿಂದೂ ಅಲ್ಲಿ ತಗದಿದ್ರಲ್ರಿ," ಎಂದಳು.

ಹಣಮಂತ ಅವಳ ಕಡೆ ತಿರುಗಿದ. "ಯಾವಾಗ? ರಕ್ತ ತಗದಿದ್ದು ಇಲ್ಲಿ, ಪುಣೆದಾಗ. ನನ್ನ ಮುಂದ ತಗದಾರ."

"ನೀ ಬರೂಕಿಂತ ಮೊದಲs. ಕಾಲ್ ಹಿಮ್ಮಡಿಗಿ ಚುಚ್ಚಿ ತಗದ್ರು, ಆಮ್ಯಾಲ ಕೈಯಾಗೂ ತಗದ್ರು. ನಾ ಕಣ್ಣಾರೆ ನೋಡೀನಿ."

ಆಗ ಅವರಿಬ್ಬರಿಂದ ಆ ವಾರದ ಕಥೆ ಹೊರಬಂತು. ಮೊದಲ ಹೆರಿಗೆ ತವರಿನಲ್ಲಿ ಆಗಬೇಕೆಂಬುದು ನಮ್ಮ ಕಡೆಯ ರೂಢಿ. ಸುನೀತಾ ತವರಿಗೆ ಹೋಗಿದ್ದಳು. ಸಿಸೇರಿಯನ್ ಆಯಿತು. ಕೂಸು ಮಂಕಾದಾಗ ಅಲ್ಲಿನ ಡಾಕ್ಟರು ರಕ್ತ ತೆಗೆದು ದೂರದ ಲ್ಯಾಬಿಗೆ ಕಳಿಸಿ, ಇಲ್ಲಿ ಚಿಕಿತ್ಸೆಯಿಲ್ಲ, ದೊಡ್ಡ ಆಸ್ಪತ್ರೆಗೆ ಒಯ್ಯಿರಿ ಎಂದರು. ಹಣಮಂತ ಅಷ್ಟರಲ್ಲಿ ಪುಣೆಯಿಂದ ಹೋಗಿ ತಲುಪಿದ್ದ. ಹೊಲಿಗೆ ಹಾಕಿದ ಬಾಣಂತಿ ಅಲ್ಲೇ ಉಳಿದಳು. ಅವನು ಕೂಸನ್ನು ಎತ್ತಿಕೊಂಡು ಆಂಬ್ಯುಲೆನ್ಸ್‌ನಲ್ಲಿ ಸೋಲಾಪುರದ ಮೇಲೆ ಹಾಯ್ದು ಪುಣೆಗೆ ಬಂದ. ಇಲ್ಲಿ ಮತ್ತೆ ರಕ್ತ ತೆಗೆದರು. ಕೂಸು ಉಳಿಯಲಿಲ್ಲ. ತವರಿನ ಆಸ್ಪತ್ರೆಗೆ ಬಂದ ವರದಿಯನ್ನು ಕೇಳಲು ಯಾರೂ ಹೋಗಲಿಲ್ಲ. ಕೂಸೇ ಇಲ್ಲದ ಮೇಲೆ ವರದಿ ಯಾರಿಗೆ ಬೇಕು. ಗಂಡನಿಗೆ ಅಲ್ಲಿಯದು ಗೊತ್ತಿರಲಿಲ್ಲ, ಹೆಂಡತಿ ಇಲ್ಲಿಯದನ್ನು ನೋಡಿರಲಿಲ್ಲ. ಆ ವಾರದ ವಿಷಯವನ್ನು ಅವರು ಮನೆಯಲ್ಲಿ ಮಾತಾಡುತ್ತಲೂ ಇರಲಿಲ್ಲ.

ಆದರೂ ನನಗೆ ಒಂದು ಪ್ರಶ್ನೆ ಉಳಿಯಿತು. ಎರಡು ಲ್ಯಾಬುಗಳೂ ಈ ರೋಗದ ತಜ್ಞರ ಒಂದೇ ಬಳಗದಲ್ಲಿವೆ. ತಾಯಿಯ ಹೆಸರು ಒಂದೇ ಆಗಿದ್ದರೆ ಯಾರಿಗಾದರೂ ಎಲ್ಲಾದರೂ ಹೊಳೆಯಬೇಕಿತ್ತು. ತವರಿನ ಆಸ್ಪತ್ರೆಯಲ್ಲಿ ನಿನ್ನ ಹೆಸರು ಏನೆಂದು ಹೇಳಿದ್ದರು ಎಂದು ಕೇಳಿದೆ.

"ಮಲ್ಲಮ್ಮ ಅಂತ್ರಿ. ಅಲ್ಲಿ ನಾ ಮಲ್ಲಮ್ಮನs ಅಲ್ರಿ?"

ಅವರ ಮನೆದೇವರು ಮಲ್ಲಯ್ಯ. ಹಣಮಂತನ ತಾಯಿಯ ಹೆಸರು ಮಲ್ಲಮ್ಮ, ದೇವರ ಹರಕೆಯಿಂದ ಹುಟ್ಟಿದ ಈ ಹುಡುಗಿಗೂ ಅದೇ ಹೆಸರು. ಆ ಮಲ್ಲಮ್ಮ ಈ ಮಲ್ಲಮ್ಮನಿಗೆ ಅಜ್ಜಿ. ಮಗನಿಗೆ ಮೊಮ್ಮಗಳನ್ನು ತಂದುಕೊಂಡಾಗ ಅಜ್ಜಿ ಅತ್ತೆಯೂ ಆದಳು. ಗಂಡನಾದವನು ಹೆಂಡತಿಯನ್ನು ತಾಯಿಯ ಹೆಸರಿನಿಂದ ಕರೆಯುವುದು ಹೇಗೆ? ಲಗ್ನದಲ್ಲಿ ಅವಳಿಗೆ ಸುನೀತಾ ಎಂದು ಹೊಸ ಹೆಸರಿಟ್ಟರು. ಆ ಹೆಸರು ಪುಣೆಯಲ್ಲಿ ನಡೆಯುತ್ತಿತ್ತು, ತವರಿನಲ್ಲಿ ಯಾರ ಬಾಯಿಗೂ ಬಂದಿರಲಿಲ್ಲ. "ಮನ್ಯಾಗ ಮಲ್ಲಮ್ಮ ಅಂದ್ರ ಇಬ್ರೂ ಓ ಅಂತಿದ್ರಿ," ಎಂದು ಹಣಮಂತ ಆ ದಿನ ಮೊದಲ ಬಾರಿ ಸ್ವಲ್ಪ ನಕ್ಕ. "ಬೈದ್ರ ಮಾತ್ರ ಯಾರೂ ಓ ಅಂತಿರಲಿಲ್ಲ."

ಕೂಸಿಗೆ ಹೆಸರಿಡುವ ದಿನ ಬಂದಿರಲೇ ಇಲ್ಲ. ಹೆಸರಿಲ್ಲದ ಕೂಸನ್ನು ಆಸ್ಪತ್ರೆಗಳು ತಾಯಿಯ ಹೆಸರಿನಿಂದ ಗುರುತಿಸುತ್ತವೆ. ಅಲ್ಲಿ ಮಲ್ಲಮ್ಮನ ಶಿಶು. ಇಲ್ಲಿ ಅವಸರದಲ್ಲಿ ಗಂಡ ಹೇಳಿದ್ದು ಸುನೀತಾಳ ಶಿಶು. ಒಂದು ಕೂಸು ಎರಡು ಲ್ಯಾಬಿಗೆ ಹೋಗಿ, ಎರಡು ಮನೆಗಳ ಎರಡು ಕೂಸಾಗಿತ್ತು.

ಅವರಿಗೆ ಏನನ್ನೂ ಹೇಳುವ ಹಾಗಿರಲಿಲ್ಲ, ಏಕೆಂದರೆ ನನ್ನ ಬಳಿ ಇದ್ದದ್ದು ಊಹೆ. ಸುನೀತಾ ಎದ್ದು ಹೋಗುವಾಗ ಬಾಗಿಲಲ್ಲಿ ನಿಂತು, "ಇದಕೂ ಅದs ಅದ ಏನ್ರಿ?" ಎಂದು ಕೇಳಿದಳು. ಕೈ ಹೊಟ್ಟೆಯ ಮೇಲಿತ್ತು. ವರದಿಗೆ ಇನ್ನೂ ಸಹಿ ಆಗಿಲ್ಲ, ಸರಿಯಾಗಿ ನೋಡಿಯೇ ಹೇಳುತ್ತೇವೆ ಎಂದೆ.

ದೇಶಮುಖ ಸರ್ ಎಲ್ಲವನ್ನೂ ಕೇಳಿಸಿಕೊಂಡರು. ಅವರದು ನಿಧಾನದ ಸ್ವಭಾವ. ಅನುಮಾನವನ್ನು ಪುರಾವೆ ಎಂದು ಬರೆಯಬಾರದು ಎಂದರು. ದಂಪತಿಗಳಿಂದ ಲಿಖಿತ ಒಪ್ಪಿಗೆ ಪಡೆದು, ಎರಡೂ ಲ್ಯಾಬುಗಳಿಗೆ ತಮ್ಮಲ್ಲಿರುವ ಆ ಶಿಶುವಿನ ಡಿಎನ್‌ಎ ಮಾಹಿತಿಯನ್ನು ಪರಸ್ಪರ ಹೋಲಿಸಿ ನೋಡಲು ಕೇಳಿಕೊಂಡರು. ಬೇರೆ ಬೇರೆ ಮನುಷ್ಯರಾದರೆ ಸಾವಿರಾರು ಕಡೆ ವ್ಯತ್ಯಾಸ ಕಾಣಬೇಕು. ಉತ್ತರ ಬೇಗನೆ ಬಂತು. ವ್ಯತ್ಯಾಸ ಇರಲಿಲ್ಲ. ಒಂದೇ ಕೂಸು.

ನನ್ನನ್ನು ಅಲುಗಾಡಿಸಿದ್ದು ಆ ಉತ್ತರಕ್ಕಿಂತ ಹೆಚ್ಚಾಗಿ ಇನ್ನೊಂದು ಯೋಚನೆ. ಯಾರೂ ನಿಯಮ ಮುರಿದಿರಲಿಲ್ಲ. ಹೆಸರು ಮುಚ್ಚಿಡುವುದು ರೋಗಿಯ ರಕ್ಷಣೆಗೆ, ಅದು ಸರಿ. ಎರಡು ಮನೆಗಳಲ್ಲಿ ಕಂಡರೆ ಪುರಾವೆ ಬಲವಾಗುತ್ತದೆ, ಅದೂ ಸರಿ. ಎರಡು ಸರಿಗಳು ಸೇರಿ ಇಲ್ಲದ ಒಂದು ಮನೆಯನ್ನು ಹುಟ್ಟಿಸಿದ್ದವು. ನಮ್ಮ ವರದಿ ಹೋಗಿದ್ದರೆ ರೂಢಿಯಂತೆ ನಾವೂ ಡೇಟಾಬೇಸ್‌ಗೆ ಒಂದು ಸಾಲು ಸೇರಿಸುತ್ತಿದ್ದೆವು. ಮೂರು ಲ್ಯಾಬು, ಮೂರು ಸಾಲು. ನೋಡುವವರು 'ಬಹುತೇಕ' ಎಂಬುದನ್ನೂ ಬಿಟ್ಟು 'ರೋಗಕಾರಕ' ಎಂದೇ ಬರೆಯುತ್ತಿದ್ದರು. ಅಷ್ಟೂ ಒಂದೇ ತಾಯಿಯ ಹೊಟ್ಟೆಯಿಂದ ಬಂದದ್ದು.

ಆದರೆ ದೇಶಮುಖ ಸರ್ ನನ್ನ ಉತ್ಸಾಹಕ್ಕೆ ತಡೆ ಹಾಕಿದರು. "ಒಂದೇ ಮನೆ ಅಂತ ಗೊತ್ತಾಯಿತು. ನಿರಪಾಯ ಅಂತ ಗೊತ್ತಾಯಿತೇ?" ಎಂದು ಮರಾಠಿಯಲ್ಲಿ ಕೇಳಿದರು. ಇಲ್ಲ. ಆ ಎರಡು ಪ್ರತಿ ಇದ್ದ ಒಂದು ಕೂಸು ಸತ್ತದ್ದು ನಿಜವೇ. ನಮಗೆ ಈಗ ಗೊತ್ತಿದ್ದದ್ದು ಮೊದಲಿಗಿಂತ ಕಡಿಮೆ. ಗಡುವು ಮಾತ್ರ ಹತ್ತಿರವಾಗಿತ್ತು.

ಸಾಮಾನ್ಯ ಜನರ ಡೇಟಾಬೇಸ್‌ನ ಆ ಮಾತನ್ನು ಮತ್ತೆ ಓದಿದೆ: ಎಲ್ಲೂ ಕಂಡುಬಂದಿಲ್ಲ. ಈ ಸಲ ಬೇರೆ ಪ್ರಶ್ನೆ ಬಂತು. ಯಾರಲ್ಲಿ ಹುಡುಕಿದ್ದಾರೆ? ಅದರಲ್ಲಿ ಬಹಳ ಜನ ಯುರೋಪಿನ ಮೂಲದವರು. ಭಾರತದವರು ಕಡಿಮೆ, ಅವರಲ್ಲೂ ವಿದೇಶದಲ್ಲಿ ನೆಲೆಸಿದವರು ಮತ್ತು ದೊಡ್ಡ ನಗರಗಳ ಆಸ್ಪತ್ರೆಗೆ ಹೋಗಬಲ್ಲವರು. ಭೀಮಾ, ಕೃಷ್ಣೆಯರ ನಡುವಿನ ಊರುಗಳಿಂದ ಕಟ್ಟಡದ ಕೆಲಸಕ್ಕೆ ಬಂದವರು ಅದರಲ್ಲಿ ಇದ್ದಾರೆಂದು ಹೇಳಲು ನನಗೆ ಯಾವ ಆಧಾರವೂ ಸಿಗಲಿಲ್ಲ. ನೋಡಿ ಕಾಣದಿರುವುದು ಬೇರೆ, ನೋಡದೆ ಇರುವುದು ಬೇರೆ. ತೆರೆಯ ಮೇಲೆ ಎರಡಕ್ಕೂ ಒಂದೇ ಸೊನ್ನೆ.

ಹಾಗಾದರೆ ನಾವೇ ನೋಡಬೇಕು. ವಂಶವೃಕ್ಷದ ಮೇಲೆ ಕೈಯಿಟ್ಟರೆ ಎಲ್ಲ ದಾರಿಗಳೂ ಒಬ್ಬರ ಮನೆಗೆ ಹೋಗುತ್ತಿದ್ದವು. ಹಣಮಂತನಿಗೆ ಈ ವೇರಿಯಂಟ್ ಬಂದದ್ದು ಅವನ ತಾಯಿಯಿಂದ ಇಲ್ಲವೇ ತೀರಿಹೋದ ತಂದೆಯಿಂದ. ಸುನೀತಾಳಿಗೆ ಬಂದದ್ದು ಬಹುಶಃ ಅವಳ ತಾಯಿಯ ಮೂಲಕ, ಎಂದರೆ ಮತ್ತೆ ಅವರಿಬ್ಬರಲ್ಲೇ ಒಬ್ಬರಿಂದ. ಅಜ್ಜಿ ಮಲ್ಲಮ್ಮ ಪುಣೆಯಲ್ಲೇ ಇದ್ದಳು, ಗುಲ್ಟೇಕಡಿಯ ಮಾರ್ಕೆಟ್ ಯಾರ್ಡಿನಲ್ಲಿ ಉಳ್ಳಾಗಡ್ಡಿ, ಎಂದರೆ ಈರುಳ್ಳಿ, ಆರಿಸುವ ಕೆಲಸಕ್ಕೆ ಹೋಗುತ್ತಿದ್ದಳು. ಮಗ ಹೇಳಿ ಕರೆತಂದ. ರಕ್ತ ಕೊಟ್ಟು ಹೋದಳು. ಅವಳಲ್ಲಿ ಒಂದು ಪ್ರತಿ ಕಾಣಬಹುದು ಎಂಬುದು ನಮ್ಮ ನಿರೀಕ್ಷೆ.

ಎರಡೂ ಪ್ರತಿಗಳಲ್ಲಿ ಇತ್ತು.

ಸ್ಯಾಂಪಲ್ ಅದಲುಬದಲಾಗಿದೆ ಎಂದೇ ಮೊದಲು ಎಲ್ಲರೂ ಅಂದುಕೊಂಡೆವು. ಗರ್ಭದ ಸ್ಯಾಂಪಲನ್ನೇ ಅಜ್ಜಿಯದೆಂದು ಪರೀಕ್ಷಿಸಿರಬಹುದು. ಎರಡನೆಯ ಸಲ ರಕ್ತ ಬೇಕು, ಜೊತೆಗೆ ಅಮೋನಿಯಾ ಪರೀಕ್ಷೆಗೂ ಬೇಕು ಎಂದಾಗ ಅಜ್ಜಿ ಬರಲು ಒಪ್ಪಲಿಲ್ಲ. ಒಂದು ದಿನ ತಪ್ಪಿದರೆ ಕೂಲಿಯವರ ಮೇಸ್ತ್ರಿ ಮುಕಾದಮ ಬೇರೆಯವಳನ್ನು ಕೂರಿಸುತ್ತಾನೆ ಎಂದಳಂತೆ. ಸರಿ, ನಮ್ಮ ರಕ್ತ ತೆಗೆಯುವ ಸಿಸ್ಟರ್ ಜೊತೆ ನಾನೇ ಹೋದೆ. ಅಮೋನಿಯಾ ಪರೀಕ್ಷೆಯ ರಕ್ತವನ್ನು ತೆಗೆದ ಕೂಡಲೇ ಮಂಜುಗಡ್ಡೆಯಲ್ಲಿ ಇಡಬೇಕು, ಇಲ್ಲದಿದ್ದರೆ ಅಂಕಿ ಸುಳ್ಳು ಏರುತ್ತದೆ. ಥರ್ಮಾಕೋಲ್ ಪೆಟ್ಟಿಗೆ ಹಿಡಿದುಕೊಂಡು ಗುಲ್ಟೇಕಡಿಯ ಗಲಾಟೆಯಲ್ಲಿ ನಡೆದೆವು. ಉಳ್ಳಾಗಡ್ಡಿಯ ರಾಶಿಗಳ ನಡುವೆ ಗೋಣಿಚೀಲದ ಮೇಲೆ ಅಜ್ಜಿ ಕೂತಿದ್ದಳು, ಕೊಳೆತದ್ದನ್ನು ಒಂದು ಕಡೆ ಎಸೆಯುತ್ತ, ಹಮಾಲನೊಬ್ಬನನ್ನು ಮರಾಠಿಯಲ್ಲಿ ಬೈಯುತ್ತ. ನಮ್ಮನ್ನು ನೋಡಿ ಬೈಗುಳ ಕನ್ನಡಕ್ಕೆ ತಿರುಗಿತು.

"ಮೊನ್ನೆ ತಗೊಂಡಿದ್ದು ಸಾಲಲಿಲ್ಲೇನ? ಮಾರಾಕ್ಹತ್ತೀರೇನ ನನ್ನ ರಕ್ತ?"

ಸಿಸ್ಟರ್‌ಗೆ ನಗು. ನಾನು ಪಕ್ಕದಲ್ಲಿ ಕುಳಿತು, ನಿಮ್ಮ ಮೊಮ್ಮಗಳ ಹೊಟ್ಟೆಯ ಕೂಸಿಗಾಗಿ ಎಂದೆ. ಅವಳು ಸೆರಗಿನಿಂದ ಕೈ ಒರೆಸಿಕೊಂಡು ತೋಳು ಮುಂದೆ ಮಾಡಿದಳು. ನಾನು ಒಂದೊಂದೇ ಕೇಳುತ್ತ ಹೋದೆ. ಈ ಕಿಣ್ವ ಅರೆಬರೆ ಕೆಲಸ ಮಾಡುವವರು ದೊಡ್ಡವರಾಗುವವರೆಗೂ ಬದುಕುವುದುಂಟು. ಆದರೆ ಅವರು ಬೇಳೆ, ಮಾಂಸ ಕಂಡರೆ ತಾವಾಗಿಯೇ ದೂರ ಸರಿಯುತ್ತಾರೆ, ಜ್ವರ ಬಂದರೆ ಮಂಪರಾಗುತ್ತಾರೆ, ಹೆಂಗಸರಾದರೆ ಬಾಣಂತನದಲ್ಲಿ ಪ್ರಜ್ಞೆ ತಪ್ಪುವ ಅಪಾಯವಿದೆ. ಅಜ್ಜಿಗೆ ಐದು ಬಾಣಂತನಗಳಾಗಿದ್ದವು. ಒಂದರಲ್ಲೂ ತೊಂದರೆಯಿಲ್ಲ. ಬೇಳೆ? ದಿನಾ. ಮಾಂಸ? "ಕೊಡಿಸಿದ್ರ ಈಗs ತಿಂತೀನಿ," ಎಂದಳು.

ಎರಡನೆಯ ಸಲವೂ ಎರಡು ಪ್ರತಿ. ಅಮೋನಿಯಾ ಸರಿಯಾಗಿತ್ತು, ಕಿಣ್ವದ ಕೆಲಸ ತೋರಿಸುವ ಇತರ ಅಂಶಗಳೂ ಸರಿಯಾಗಿದ್ದವು. ಇಂದಾಪುರದ ಕಡೆ ಕಬ್ಬಿನ ಕೆಲಸದಲ್ಲಿದ್ದ ಅವಳ ಹಿರಿಯ ಮಗ ಎಸ್‌ಟಿ ಬಸ್ಸಿನಲ್ಲಿ ಸ್ವಾರಗೇಟ್ ನಿಲ್ದಾಣಕ್ಕೆ ಬಂದಿಳಿದು, ಲ್ಯಾಬಿಗೆ ಬಂದು ರಕ್ತ ಕೊಟ್ಟ. ಅವನಲ್ಲೂ ಎರಡು ಪ್ರತಿ. ಅವನೂ ಗಟ್ಟಿಮುಟ್ಟು. ಬೇರೆ ಕಾರಣಗಳಿಗೆ ನಮ್ಮಲ್ಲಿ ಪರೀಕ್ಷೆಯಾಗಿದ್ದ ಆ ಸೀಮೆಯ ಜನರ ಫಲಿತಾಂಶಗಳನ್ನು ಹೆಸರಿಲ್ಲದೆ ಹುಡುಕಿದಾಗ ಇನ್ನೂ ಕೆಲವರಲ್ಲಿ ಒಂದೊಂದು ಪ್ರತಿ ಸಿಕ್ಕಿತು. ಜಗತ್ತಿನ ಲೆಕ್ಕದಲ್ಲಿ ಇಲ್ಲವೇ ಇಲ್ಲ ಎನ್ನಿಸಿಕೊಂಡದ್ದು ಅಲ್ಲಿ ಅಪರೂಪವಾಗಿರಲಿಲ್ಲ.

ದೇಶಮುಖ ಸರ್ ಸಹಿ ಹಾಕಿದ ವರದಿ 'ನಿರಪಾಯ' ಎನ್ನಲಿಲ್ಲ. ರೋಗಕಾರಕ ಎಂಬುದಕ್ಕೆ ಇದ್ದ ಆಧಾರ ಬಿದ್ದುಹೋಗಿದೆ, ಅದಕ್ಕೆ ವಿರುದ್ಧವಾದ ಪುರಾವೆ ಬಲವಾಗಿದೆ, ಖಚಿತತೆ ಇನ್ನೂ ಇಲ್ಲ ಎಂದಿತು. ಅಂಥ ಮಾತನ್ನು ಕನ್ನಡದಲ್ಲಿ ಆ ಇಬ್ಬರಿಗೆ ಹೇಳುವುದು ನನ್ನ ಪಾಲಿಗೆ ಬಂತು. ಹೇಳಿದೆ. ಕೂಸಿಗೆ ಎರಡೂ ಪ್ರತಿ ಇವೆ. ಅಜ್ಜಿ ಮಲ್ಲಮ್ಮನಿಗೂ ಇವೆ. ಮೊದಲಿನ ಕೂಸು ಇದರಿಂದಲೇ ಹೋಯಿತು ಎನ್ನಲು ಈಗ ನಮ್ಮಲ್ಲಿ ಆಧಾರವಿಲ್ಲ. ಏನು ಮಾಡಬೇಕೆಂದು ನೀವು ನಿರ್ಧರಿಸಬೇಕು, ನಾವು ಹೇಳುವಂತಿಲ್ಲ ಎಂದೂ ಹೇಳಿದೆ. ಹಣಮಂತ ನೆಲ ನೋಡುತ್ತಿದ್ದ. ಸುನೀತಾ ನನ್ನನ್ನೇ ನೋಡುತ್ತಿದ್ದಳು.

"ಹಂಗಾದ್ರ ಅದು ಯಾಕ ಹೋತ್ರಿ?"

ಅಮೋನಿಯಾ ಸೋಂಕಿನಿಂದಲೂ ಏರಬಹುದು, ಯಕೃತ್ತಿನ ಬೇರೆ ತೊಂದರೆಗಳಿಂದಲೂ ಏರಬಹುದು. ಉಳಿದಿದ್ದ ಮಾಹಿತಿಯನ್ನೆಲ್ಲ ಎರಡೂ ಲ್ಯಾಬುಗಳು ಹೊಸದಾಗಿ ಓದಿದ್ದವು. ಬೇರೆ ಕಾರಣ ಸಿಕ್ಕಿರಲಿಲ್ಲ. ಇಷ್ಟನ್ನೂ ಹೇಳಬಹುದಿತ್ತು. ಅದು ಅವಳ ಪ್ರಶ್ನೆಗೆ ಉತ್ತರವಾಗುತ್ತಿರಲಿಲ್ಲ.

"ನಮಗ ಗೊತ್ತಿಲ್ಲವಾ," ಎಂದೆ.

ಅವಳು ಅಳಲಿಲ್ಲ. "ಮಾವನ್ನ ಮಾಡ್ಕೊಂಡಿದ್ದಕ್ಕs ಹೋತು ಅಂತ ಇನ್ನ ಹೇಳಂಗಿಲ್ಲಲ್ರಿ ಯಾರೂ?" ಎಂದಳು. ಅದನ್ನೂ ನಾನು ಪೂರ್ತಿ ಒಪ್ಪುವಂತಿರಲಿಲ್ಲ. ಹತ್ತಿರದ ಸಂಬಂಧದಲ್ಲಿ ಇಂಥ ರೋಗಗಳ ಅಪಾಯ ಹೆಚ್ಚು ಎಂಬುದು ನಿಜ, ಆದರೆ ಈ ಕೂಸಿನ ವಿಷಯದಲ್ಲಿ ಹಾಗೆ ಹೇಳಲು ಯಾರ ಹತ್ತಿರವೂ ಪುರಾವೆ ಇಲ್ಲ ಎಂದೆ. "ಅಷ್ಟು ಸಾಕ್ರಿ," ಎಂದಳು.

ಅವರು ಗರ್ಭ ಉಳಿಸಿಕೊಂಡರು. ಈ ಸಲ ಹೆರಿಗೆ ತವರಿನಲ್ಲಿ ಅಲ್ಲ, ಪುಣೆಯ ದೊಡ್ಡ ಆಸ್ಪತ್ರೆಯಲ್ಲಿ. ಹುಟ್ಟಿದ ಮೊದಲ ದಿನದಿಂದ ಅಮೋನಿಯಾ ನೋಡುತ್ತಿರಬೇಕೆಂದು ಮಕ್ಕಳ ಡಾಕ್ಟರಿಗೆ ನಾವು ಬರೆದಿದ್ದೆವು. ಆ ವಾರ ನಾನು ಕೆಲಸದ ನಡುವೆ ಫೋನ್ ನೋಡುತ್ತಲೇ ಇದ್ದೆ. ಅಂಕಿಗಳು ಸರಿಯಾಗಿಯೇ ಉಳಿದವು. ಹಣಮಂತ ಕರೆ ಮಾಡಿ, "ಹಾಲ್ ಕುಡ್ಯಾಕ್ಹತ್ಯಾದ್ರಿ. ಭಾಳ ಕುಡೀತದ," ಎಂದು ಎರಡೆರಡು ಸಲ ಹೇಳಿ ಫೋನ್ ಇಟ್ಟ.

ಡೇಟಾಬೇಸ್ ಸರಿಯಾಗಲು ಅದಕ್ಕಿಂತ ಹೆಚ್ಚು ಸಮಯ ಹಿಡಿಯಿತು. ಒಂದು ಸಾಲನ್ನು ಹಿಂದಕ್ಕೆ ಪಡೆಯಲು, ಇನ್ನೊಂದರ ತೀರ್ಮಾನ ಬದಲಿಸಲು ಪತ್ರವ್ಯವಹಾರ ಬಹಳ ನಡೆಯಿತು. ಎರಡೂ ಲ್ಯಾಬುಗಳು ಮುಚ್ಚಿಡದೆ ಸಹಕರಿಸಿದವು ಎಂಬುದನ್ನು ದಾಖಲಿಸಬೇಕು. ಈಗ ಆ ವೇರಿಯಂಟ್ ಎದುರಿಗೆ 'ಬಹುತೇಕ ನಿರಪಾಯ' ಎಂದಿದೆ. ಆದರೆ ಹಳೆಯ ಮಾತು ಅಲ್ಲಿ ಇದ್ದಷ್ಟು ಕಾಲ ಅದನ್ನು ಯಾರು ಯಾರು ಓದಿದರು, ಎಲ್ಲಿ, ಯಾವ ಮನೆಯಲ್ಲಿ ಏನು ನಿರ್ಧಾರವಾಯಿತು ಎಂಬುದು ಯಾರಿಗೂ ತಿಳಿಯದು. ಓದಿದವರ ಗುರುತು ಅದರಲ್ಲಿ ಉಳಿಯುವುದಿಲ್ಲ. ಆ ಯೋಚನೆ ಈಗಲೂ ನನ್ನನ್ನು ಬಿಟ್ಟಿಲ್ಲ.

ಕೂಸಿಗೆ ಹೆಸರಿಡುವ ದಿನ ನನ್ನನ್ನೂ ಸ್ನೇಹಲ್‌ಳನ್ನೂ ಕರೆದಿದ್ದರು. ಬಿಬ್ವೇವಾಡಿಯ ಆ ಪತ್ರಾ ಮನೆಯಲ್ಲಿ ಕಾಲಿಡಲು ಜಾಗವಿರಲಿಲ್ಲ. ತವರಿನವರೂ ಬಂದಿದ್ದರು. ಹೆಣ್ಣು ಕೂಸು. ದೇವರ ಹೆಸರು ಬೇಡವೇ ಬೇಡ, ಮನೆಯಲ್ಲಿ ಯಾರಿಗೂ ಇಲ್ಲದ್ದು ಇಡಿರಿ ಎಂದು ಸುನೀತಾ ಹಟ ಹಿಡಿದಿದ್ದಳಂತೆ. ಹಾಗೇ ಆಯಿತು. ಊರಿಗೂ ಪುಣೆಗೂ ಅದೊಂದೇ ಹೆಸರು.

ಅಜ್ಜಿ ನನ್ನನ್ನು ಪಕ್ಕಕ್ಕೆ ಕೂರಿಸಿಕೊಂಡು, ಕಂಪ್ಯೂಟರಿನಲ್ಲಿ ತನ್ನ ಬಗ್ಗೆ ಏನು ಬರೆದಿದ್ದೇವೆ ಎಂದು ವಿಚಾರಿಸಿದಳು. ಮಗ ಹೇಳಿದ್ದನಂತೆ, ಪರದೇಶದವರೂ ನಿನ್ನದನ್ನು ಓದುತ್ತಾರೆ ಎಂದು. ಹೆಸರು ಇರುವುದಿಲ್ಲ ಎಂದೆ. ವಯಸ್ಸಾದ ಒಬ್ಬ ಹೆಂಗಸು, ಎರಡೂ ಪ್ರತಿಗಳಿವೆ, ಆರೋಗ್ಯವಾಗಿದ್ದಾಳೆ ಎಂದಿದೆ.

"ಆರಾಮ ಎಲ್ಲಿ ಅದೀನಿ?" ಎಂದಳು ಅಜ್ಜಿ. "ಮೊಣಕಾಲು ಹಿಡದು ಕೂಡ್ಯಾವ. ಅದನ್ನ್ಯಾಕ ಬರೀಲಿಲ್ಲ?"

ಮೊಣಕಾಲಿಗೆ ಆ ಸಾಲಿನಲ್ಲಿ ಜಾಗವಿಲ್ಲ. ಅವಳಿಗೆ ಹಾಗೆಂದು ಹೇಳಿದೆ. ಅವಳಿಗೆ ಸಮಾಧಾನವಾದಂತೆ ಕಾಣಲಿಲ್ಲ. ಅಂದಿನಿಂದ ತೆರೆಯ ಮೇಲೆ ಯಾವುದಾದರೂ ಸಾಲು ನೋಡುವಾಗ, ಇದರಲ್ಲಿ ಬರೆಯದೆ ಉಳಿದದ್ದು ಏನೆಂದು ಕೇಳಿಕೊಳ್ಳುತ್ತೇನೆ. ಸಾಲೇ ಇಲ್ಲದ ಕಡೆ, 'ಎಲ್ಲೂ ಕಂಡುಬಂದಿಲ್ಲ' ಎಂದು ಬರೆಯುವುದಕ್ಕೆ ಮೊದಲು, ಯಾರ ಮನೆಯ ಬಾಗಿಲಿಗೆ ನಾವು ಇನ್ನೂ ಹೋಗಿಲ್ಲ ಎಂದು ಲೆಕ್ಕ ಹಾಕುತ್ತೇನೆ. ಕೆಲಸ ನನಗೆ ಕಲಿಸಿದ್ದು ಅಷ್ಟು.